ಕೂಗಿನ ನಕ್ಷೆ

ಫೋನು ಎನ್ನುವುದು ಕೊಪ್ಪದ ಪೇಟೆಯಲ್ಲಿ, ಅಂಗಡಿ ಸಾಹುಕಾರರ ಗಲ್ಲಾಪೆಟ್ಟಿಗೆಯ ಪಕ್ಕ ಮಾತ್ರ ಕೂತಿರುತ್ತಿದ್ದ ಕಾಲ. ನಮ್ಮ ಹೊಳೆಕುಡಿಗೆಯಲ್ಲಿ ಆಗ ಒಂದು ಮನೆಯಿಂದ ಇನ್ನೊಂದು ಮನೆಗೆ ಸುದ್ದಿ ಮುಟ್ಟಬೇಕೆಂದರೆ ಗಂಟಲೇ ಗತಿ. ಅಂಗಳದ ತುದಿಗೆ ಹೋಗಿ, ಎರಡೂ ಕೈ ಬಾಯಿಗೆ ಹಿಡಿದು, ಹೊಟ್ಟೆಯೊಳಗಿನಿಂದ "ಕೂ..." ಎಂದು ಎಳೆಯಬೇಕು. ಮಲೆನಾಡಲ್ಲಿ ಹುಟ್ಟಿದ ನೀವೂ ಕೂಗಿರುತ್ತೀರಿ. ಇಲ್ಲ ಎಂದರೆ ನಾನು ನಂಬುವವಳಲ್ಲ.

ಕೂಗಿಗೂ ಒಂದು ಕ್ರಮ ಇತ್ತು. ಒಂದೇ ಉದ್ದ ಕೂಗಿದರೆ "ಇದ್ದೀರಾ?" ಎಂದು. ತುಂಡು ತುಂಡಾಗಿ ಎರಡು ಸಲ ಕೂಗಿದರೆ "ಬನ್ನಿ, ಕೆಲಸಕ್ಕೆ ಕೈ ಬೇಕು" ಎಂದು. ಬಿಟ್ಟೂ ಬಿಡದೆ ಕೂಗಿದರೆ ಹಾವೋ, ಬೆಂಕಿಯೋ, ಯಾರಾದರೂ ಮರದಿಂದ ಬಿದ್ದರೋ ಅಂತ ಅರ್ಥ. ಉಣ್ಣುತ್ತಿದ್ದವರೂ ಎಂಜಲು ಕೈಯಲ್ಲೇ ಓಡುತ್ತಿದ್ದರು. ಕೂಗು ಕಿವಿಗೆ ಬಿದ್ದವರು ಓಗೊಡಲೇಬೇಕು. ಬೇಲಿ ಜಗಳದಲ್ಲಿ ಮುಖ ಮುಖ ನೋಡದವರೂ ಓಗೊಡುತ್ತಿದ್ದರು. ಮಾತು ಬಿಟ್ಟರೂ ಕೂಗು ಬಿಡಬಾರದು ಎನ್ನುತ್ತಿದ್ದಳು ನನ್ನಜ್ಜಿ, ಅವಳೇ ತನ್ನ ಓರಗಿತ್ತಿಯ ಜೊತೆ ಮಾತು ಬಿಟ್ಟು ಎಷ್ಟೋ ವರ್ಷ ಆಗಿತ್ತು.

ಇಂಥ ಊರಿಗೆ ಒಂದು ಬೇಸಿಗೆಯ ಮೊದಲಿಗೆ, ಮಾವಿನ ಮರದಲ್ಲಿ ಮಿಡಿ ಇನ್ನೂ ಗೋಲಿ ಗಾತ್ರ ಇದ್ದಾಗ, ಫ್ರಾನ್ಸ್ ದೇಶದ ಹೆಂಗಸೊಬ್ಬಳು ಬಂದಳು. ಹೆಸರು ಕ್ಲೇರ್. ಅವಳ ಗಂಡ ಶೃಂಗೇರಿಯಲ್ಲಿ ಪಂಡಿತರೊಬ್ಬರ ಹತ್ತಿರ ಸಂಸ್ಕೃತ ಓದುತ್ತಿದ್ದ. ಅವನು ಓದುವಷ್ಟು ಹೊತ್ತು ಇವಳು ರಸ್ತೆ ಹಿಡಿದು ನಡೆಯುತ್ತಿದ್ದಳು. ಹಾಗೆ ನಡೆಯುತ್ತಾ ಒಂದು ದಿನ ನಮ್ಮ ಶಾಲೆಯ ಅಂಗಳಕ್ಕೆ ಬಂದು, ನೀರು ಕೇಳಿ ಕುಡಿದು, ಜಗಲಿಯ ಮೇಲೆ ಕೂತೇಬಿಟ್ಟಳು. ತಾನೂ ತನ್ನೂರಿನ ಶಾಲೆಯ ಟೀಚರ್ ಎಂದಳು. ಮುರುಕು ಕನ್ನಡ ಬರುತ್ತಿತ್ತು. ಅದು ಮುಗಿದಲ್ಲಿ ಇಂಗ್ಲಿಷು, ಅದನ್ನು ನಮ್ಮ ಮೇಷ್ಟ್ರು ಕನ್ನಡ ಮಾಡುತ್ತಿದ್ದರು. ನಾವು ಅವಳನ್ನು ಕ್ಲೇರಕ್ಕ ಎಂದೆವು. ಆಮೇಲೆ ವಾರಕ್ಕೆರಡು ಸಲ ಬರತೊಡಗಿದಳು. ಬಂದಾಗ ನಮ್ಮ ಹುಳಿ ಕೌಳಿಕಾಯಿ ತಿಂದು ಮುಖ ಕಿವುಚುವುದು, ಕುಂಟಾಬಿಲ್ಲೆ ಆಡಿ ಬೀಳುವುದು, ಎಲ್ಲ ಇತ್ತು.

ಒಂದು ಮಧ್ಯಾಹ್ನ ಸೀಮೆಸುಣ್ಣ ಹಿಡಿದು ಶಾಲೆಯ ನೆಲದ ಮೇಲೆ ತನ್ನೂರನ್ನು ಬರೆದಳು. ಗುಡ್ಡದ ಬುಡದಲ್ಲಿ ಊರು, ಕೆಳಗೆ ಸಣ್ಣ ಹೊಳೆ. ಹೊಳೆ ಪಕ್ಕ ಹಿಟ್ಟಿನ ಗಿರಣಿ, ಈಗ ತಿರುಗುವುದಿಲ್ಲವಂತೆ. ಹೆಂಗಸರೆಲ್ಲ ಸೇರಿ ಬಟ್ಟೆ ಒಗೆಯುತ್ತಿದ್ದ ಮಾಡು ಹಾಕಿದ ಕಲ್ಲಿನ ತೊಟ್ಟಿ. ಗುಡ್ಡದ ತುಂಬ ಒಂದು ಜಾತಿ ಕಾಯಿಯ ಮರ. ಬರಗಾಲದಲ್ಲಿ ಅದರ ಕಾಯನ್ನೇ ಒಣಗಿಸಿ ಹಿಟ್ಟು ಮಾಡಿ ತಿಂದು ಬದುಕಿದ್ದರಂತೆ. ನಮ್ಮಲ್ಲಿ ಬೈನೆ ಮರದ ತಿರುಳು ತಿಂದ ಕಥೆಯನ್ನು ನನ್ನಜ್ಜಿ ಹೇಳುತ್ತಿದ್ದಳಲ್ಲ, ಹಾಗೆ. ಊರ ನಡುವೆ ಒಂದು ಕಲ್ಲು, ಅದರ ಮೇಲೆ ಯುದ್ಧಕ್ಕೆ ಹೋಗಿ ಬಾರದವರ ಹೆಸರು. ಕಲ್ಲಿನ ಮೇಲಿರುವಷ್ಟು ಗಂಡಸರು ಈಗ ಊರಲ್ಲೇ ಇಲ್ಲ ಎಂದಳು. ಮತ್ತೆ ಇಗರ್ಜಿ, ಅದರ ಗಂಟೆ. ಆ ಗಂಟೆಯ ಸದ್ದು ಎಲ್ಲಿಯವರೆಗೆ ಕೇಳುತ್ತದೋ ಅಲ್ಲಿಯವರೆಗೆ ತಮ್ಮೂರು ಎಂದು ಹಿಂದಿನವರು ಹೇಳುತ್ತಿದ್ದರಂತೆ.

ಹೊಳೆಯಾಚೆ ಅವಳು ನಾಲ್ಕು ಮನೆ ಬೇರೆಯಾಗಿ ಬರೆದಿದ್ದಳು. ಅವು ಯಾವುವು ಎಂದು ಕೇಳಿದವಳು ನನ್ನ ಪಕ್ಕದಲ್ಲಿ ಕೂತಿದ್ದ ಗುಲಾಬಿ. ಅವು ಬೇರೆ ರೀತಿ ಪ್ರಾರ್ಥನೆ ಮಾಡುವವರ ಮನೆಗಳಂತೆ. ಅವರು ಸತ್ತರೆ ಊರಿನ ಮಸಣದಲ್ಲಿ ಜಾಗ ಕೊಡುತ್ತಿರಲಿಲ್ಲ. ತಮ್ಮ ತಮ್ಮ ಹೊಲದಲ್ಲೇ ಹೂತು, ಗುರುತಿಗೆ ಮರ ನೆಡುತ್ತಿದ್ದರು.

"ಹಂಗಾರೆ ಅವರ ಮನೆ ನಿಮ್ಮೂರು ಹೌದಾ, ಅಲ್ಲಾ?" ಎಂದಳು ಗುಲಾಬಿ.

ಕ್ಲೇರಕ್ಕ ಸೀಮೆಸುಣ್ಣ ಕೆಳಗಿಟ್ಟಳು. "ಊರು ಅಲ್ಲ ಅಂತ ಹೇಳಿತು. ಗಂಟೆ ಅವರಿಗೂ ಕೇಳಿತು. ನನ್ನ ಅಜ್ಜಿ ಈ ಮನೆ," ಎಂದು ನಾಲ್ಕರಲ್ಲಿ ಒಂದರ ಮೇಲೆ ಬೆರಳಿಟ್ಟಳು.

ಗುಲಾಬಿ ಯಾಕೆ ಕೇಳಿದಳು ಎಂದು ನನಗೆ ಗೊತ್ತಿತ್ತು. ಅವಳ ಮನೆ ಇದ್ದದ್ದು ಹಕ್ಕಲಿನಲ್ಲಿ. ಹಕ್ಕಲು ಎಂದರೆ ಕಾನುಗುಡ್ಡದ ಹೆಗಲಿನ ಮೇಲಿದ್ದ ನಾಲ್ಕು ಹುಲ್ಲುಮನೆ. ಅಲ್ಲಿಯವರು ಊರಿನ ಎಲ್ಲರ ಗದ್ದೆ ತೋಟದಲ್ಲೂ ಕೆಲಸ ಮಾಡುತ್ತಿದ್ದರು. ಆದರೆ ಊರೊಟ್ಟಿನ ಪೂಜೆಯ ವಂತಿಗೆಗೆ ಅವರ ಹತ್ತಿರ ಯಾರೂ ಹೋಗುತ್ತಿರಲಿಲ್ಲ, ಊರ ಪಂಚಾಯ್ತಿಗೆ ಕರೆಯುತ್ತಿರಲಿಲ್ಲ. ಕೆಲಸಕ್ಕೆ ಊರವರು, ಲೆಕ್ಕಕ್ಕೆ ಊರವರಲ್ಲ.

ತನ್ನೂರಲ್ಲಿ ಮಕ್ಕಳು ಶಾಲೆಗೆ ಸೇರಿದ ಮೇಲೆ ಮೊದಲು ಬರೆಯುವುದು ಊರಿನ ನಕ್ಷೆ, ನಿಮ್ಮೂರಿನದು ತೋರಿಸಿ ಎಂದಳು ಕ್ಲೇರಕ್ಕ. ಮೇಷ್ಟ್ರಿಗೆ ನಗು ಬಂತು. ಚರಿತ್ರೆ ಭೂಗೋಳ ಎಲ್ಲ ಶೃಂಗೇರಿಗೆ ಇದೆ, ಕಿಗ್ಗದ ದೇವಸ್ಥಾನಕ್ಕೆ ಇದೆ, ಹೊಳೆಕುಡಿಗೆಗೆ ಎಲ್ಲಿಂದ ಬರಬೇಕು ಎಂದರು. ನನಗೆ ಮೈಯೆಲ್ಲ ಉರಿಯಿತು. ಅಷ್ಟು ದೂರದಲ್ಲಿ, ತಿರುಗದ ಗಿರಣಿ ಇಟ್ಟುಕೊಂಡ ಊರಿಗೆ ಚರಿತ್ರೆ ಇರಬಹುದು, ನಮಗೆ ಇರಬಾರದೇ? ನಾವು ಬರೆಯುತ್ತೇವೆ ಎಂದೆ. ಶಾಲೆ ವಾರ್ಷಿಕೋತ್ಸವದೊಳಗೆ ಬರೆಯುತ್ತೇವೆ, ಹೊರಗೋಡೆ ಮೇಲೆ, ರಸ್ತೆಗೆ ಕಾಣುವ ಹಾಗೆ. ಮೇಷ್ಟ್ರು ಬರೀರಿ ಮಾರಾಯ್ತಿ ಎಂದು ಕೈ ಬಿಟ್ಟರು.

ಶುರು ಮಾಡಿದ ಮೇಲೆ ಗೊತ್ತಾಯಿತು ಕಷ್ಟ. ಕ್ಲೇರಕ್ಕನ ಊರಿಗೆ ನಡು ಇತ್ತು, ಬೀದಿ ಇತ್ತು. ನಮಗೆ ಎರಡೂ ಇಲ್ಲ. ಒಂದು ಮನೆ ಗುಡ್ಡದ ಆ ಕಡೆ, ಇನ್ನೊಂದು ಗದ್ದೆಯ ಈ ಕಡೆ. ಎಲ್ಲಿ ಶುರು ಮಾಡುವುದು, ಎಲ್ಲಿ ಮುಗಿಸುವುದು? ಅದಕ್ಕೂ ಗುಲಾಬಿಯೇ ದಾರಿ ತೋರಿಸಿದಳು. ಅವರೂರಿಗೆ ಗಂಟೆ ಆದರೆ ನಮ್ಮೂರಿಗೆ ಕೂಗು, ಕೂಗಿ ನೋಡುವಾ, ಓಗೊಟ್ಟ ಮನೆಗೆ ಗೆರೆ ಎಳೆಯುವಾ ಎಂದಳು.

ಆಹಾ, ಆ ದಿನಗಳು! ಬೆಳಿಗ್ಗೆ ದರಗು ಗುಡಿಸುವ ನೆಪ ಹೇಳಿ ಬುಟ್ಟಿ ಹೊತ್ತು ಹೊರಡುತ್ತಿದ್ದೆವು. ಒಣಗಿದ ಎಲೆಯ ಘಮ, ಕಾಲಡಿ ಅದರ ಚರಚರ ಸದ್ದು, ಮಡಿಲಿನ ಹಾಗೆ ಎತ್ತಿ ಕಟ್ಟಿಕೊಂಡ ಲಂಗದಲ್ಲಿ ಗೇರುಹಣ್ಣು. ಒಂದೊಂದು ಮನೆಯ ಅಂಗಳಕ್ಕೆ ಹೋಗಿ ನಿಲ್ಲುವುದು, ಕೂಗುವುದು, ಕಿವಿ ಕೊಡುವುದು. ಯಾವ ಯಾವ ಮನೆ ಓಗೊಟ್ಟಿತೋ ಅದನ್ನು ಸ್ಲೇಟಿನಲ್ಲಿ ಗೆರೆ ಹಾಕಿಕೊಳ್ಳುವುದು. ಸುಮ್ಮಸುಮ್ಮನೆ ಕೂಗಿದ್ದಕ್ಕೆ ಬೈಗುಳವೂ ಸಿಗುತ್ತಿತ್ತು, ಬೈದವರ ಮನೆಯಲ್ಲೇ ಬೆಲ್ಲ ನೀರೂ ಸಿಗುತ್ತಿತ್ತು. ನಿಮ್ಮ ಮನೆ ಯಾವಾಗ ಬಂತು ಎಂದು ಅಜ್ಜ ಅಜ್ಜಿಯರನ್ನು ಕೇಳುತ್ತಿದ್ದೆವು. ಗುಲಾಬಿಯ ಅಜ್ಜಿ ಹೇಳಿದ್ದು ಇಷ್ಟು: ಮೊದಲು ಬಂದವರು ತಾವೇ. ಮೇಲ್ಮನೆಯ ಜಾಗದ ಕಾಡು ಕಡಿದು ಸಮ ಮಾಡಿಕೊಟ್ಟವರು ತಮ್ಮ ಹಿರಿಯರು. ಹುಲಿ ಬಂದರೆ, ಕಾಟಿ ಬಂದರೆ ಕೂಗಲಿ ಎಂದು ಅವರನ್ನು ಗುಡ್ಡದ ಹೆಗಲಿನ ಮೇಲೆ ಕೂರಿಸಿದ್ದು.

ಮೇಲ್ಮನೆ ನನ್ನ ದೊಡ್ಡಪ್ಪನದು. ಅಪ್ಪನ ಅಣ್ಣ, ಊರಿನ ಹಿರಿತಲೆ, ಶಾಲೆ ಕಮಿಟಿಗೂ ಅವರೇ ಅಧ್ಯಕ್ಷರು. ಅವರ ಮನೆ ಕಾನುಗುಡ್ಡದ ಹಿಂಬದಿಗೆ. ನಾವು ಅಲ್ಲಿಗೆ ಹೋಗಿ ಅಂಗಳದಲ್ಲಿ ನಿಂತು ಗಂಟಲು ಹರಿಯುವ ಹಾಗೆ ಕೂಗಿದೆವು. ಹಕ್ಕಲಿನಿಂದ ಓಗೊಟ್ಟರು. ಬೇರೆ ಯಾವ ಮನೆಯಿಂದಲೂ ಇಲ್ಲ. ಮಾರನೇ ದಿನ ಕೆಳಗಿನ ನಮ್ಮ ಮನೆ ಅಂಗಳದಿಂದ ಕೂಗಿದೆವು, ಶಾಲೆ ಅಂಗಳದಿಂದ ಕೂಗಿದೆವು. ಮೇಲ್ಮನೆಗೆ ಕೇಳಲೇ ಇಲ್ಲ. ಗುಡ್ಡ ಅಡ್ಡ ಇತ್ತು.

ಹಾಗಾದರೆ ಇಷ್ಟು ಕಾಲ ದೊಡ್ಡಮ್ಮ ಕೂಗಿದ್ದು ನಮಗೆ ಮುಟ್ಟುತ್ತಿದ್ದುದು ಹೇಗೆ? ಹಕ್ಕಲಿನವರು ಕೇಳಿಸಿಕೊಂಡು, ಅದೇ ಕೂಗನ್ನು ಈ ಕಡೆಗೆ ದಾಟಿಸುತ್ತಿದ್ದರು. ನಾವು ಓಗೊಟ್ಟಿದ್ದನ್ನು ಆ ಕಡೆಗೆ ದಾಟಿಸುತ್ತಿದ್ದರು. ಈ ಎರಡು ದಿನ ಮಾತ್ರ ಮಕ್ಕಳ ಆಟ ಎಂದು ದಾಟಿಸಿರಲಿಲ್ಲ. ಊರಿಗೆಲ್ಲ ಗೊತ್ತಿದ್ದ ಸಂಗತಿಯೇ, ಯಾರೂ ನೋಡಿರಲಿಲ್ಲ ಅಷ್ಟೇ. ನಮ್ಮ ಸ್ಲೇಟಿನಲ್ಲಿ ಅದು ಕಣ್ಣಿಗೆ ಹೊಡೆಯುವ ಹಾಗೆ ಕಾಣುತ್ತಿತ್ತು: ಎಲ್ಲ ಮನೆಗೂ ಹತ್ತಾರು ಗೆರೆ, ಮೇಲ್ಮನೆಗೆ ಒಂದೇ ಗೆರೆ, ಅದೂ ಹಕ್ಕಲಿನಿಂದ.

ಗೋಡೆಗೆ ಕೆಮ್ಮಣ್ಣು ಬಳಿದು, ಸುಣ್ಣದಲ್ಲಿ ಮನೆಗಳನ್ನೂ ಗೆರೆಗಳನ್ನೂ ಬರೆದೆವು. ಕುಂಚ ಎಂದರೆ ಜಜ್ಜಿದ ಅಡಿಕೆ ಸಿಪ್ಪೆ. ಕ್ಲೇರಕ್ಕ ಒಂದೊಂದು ಮನೆಯ ಹೆಸರು ಕೇಳಿ ಕೇಳಿ ನೋಡಿದಳು. ಗುಲಾಬಿ ತನ್ನ ಮನೆಗೆ ಒಂದು ಕೋಳಿಯನ್ನೂ ಬರೆದು, ಅದರ ಕೆಳಗೆ ತನ್ನ ಹೆಸರು ಬರೆದಳು.

ವಾರ್ಷಿಕೋತ್ಸವದ ಹಿಂದಿನ ದಿನ ದೊಡ್ಡಪ್ಪಯ್ಯ ಪೆಂಡಾಲು ನೋಡಲು ಬಂದರು. ಗೋಡೆ ನೋಡಿದರು. ಹಕ್ಕಲಿನ ಮೇಲೆ ಕೋಲಿನ ತುದಿ ಇಟ್ಟು, ಇದು ಯಾವ ಊರು ಎಂದು ಮೇಷ್ಟ್ರನ್ನು ಕೇಳಿದರು. ಮೇಷ್ಟ್ರು ನನ್ನ ಮುಖ ನೋಡಿದರು. ನಾಳೆ ಬಿಇಓ ಬರುತ್ತಾರೆ, ಆ ಬಿಳಿ ಹೆಂಗಸು ಬರುತ್ತಾಳೆ, ಊರಲ್ಲದ್ದನ್ನು ಊರು ಎಂದು ತೋರಿಸುವುದು ಸರಿಯಲ್ಲ, ಅಳಿಸಿ ಎಂದರು ದೊಡ್ಡಪ್ಪಯ್ಯ. ಗುಲಾಬಿ ಅಲ್ಲೇ ಸುಣ್ಣದ ಗಡಿಗೆ ಹಿಡಿದು ನಿಂತಿದ್ದಳು.

"ಅಳಿಸಿದ್ರೆ ನಾ ನಾಳೆಯಿಂದ ಶಾಲೆಗೆ ಬರಲ್ಲ," ಎಂದಳು. ಅಳಲಿಲ್ಲ. ಗುಲಾಬಿ ಅಳುವ ಪೈಕಿ ಅಲ್ಲ.

ಮೇಷ್ಟ್ರು ಒದ್ದೆ ಬಟ್ಟೆಯನ್ನು ನನ್ನ ಕೈಗೆ ಕೊಟ್ಟರು. ನಾನು ಅದನ್ನು ಹಿಡಿದುಕೊಂಡೇ ಕೇಳಿದೆ: "ಅಳಿಸಬೌದು ದೊಡ್ಡಪ್ಪಯ್ಯ. ಆದ್ರೆ ಹಕ್ಕಲು ಹೋದ್ರೆ ನಿಮ್ಮನೆ ಗೆರೆ ಎಲ್ಲಿಂದ ಎಳೀಲಿ? ನಿಮ್ಮನೆ ಕೂಗು ಬೇರೆ ಯಾರಿಗೂ ಕೇಳಲ್ಲ."

ಅಲ್ಲಿದ್ದವರೆಲ್ಲ ಗೋಡೆ ಕಡೆ ತಿರುಗಿದರು. ಪೆಂಡಾಲಿಗೆ ತಟ್ಟಿ ಕಟ್ಟುತ್ತಿದ್ದ ಒಬ್ಬರು ಕಿಸಕ್ಕನೆ ನಕ್ಕರು. ದೊಡ್ಡಪ್ಪಯ್ಯನ ಕಿವಿ ಕೆಂಪಾಯಿತು. ನನ್ನ ಕೈಯಿಂದ ಬಟ್ಟೆ ಕಸಿದು, ತಾವೇ ಗಸಗಸ ಉಜ್ಜಿ ಹಕ್ಕಲನ್ನು ಅಳಿಸಿದರು. ಕೋಳಿಯೂ ಹೋಯಿತು, ಗುಲಾಬಿಯ ಹೆಸರೂ ಹೋಯಿತು. ಮೇಲ್ಮನೆ ಗೋಡೆಯ ಮೂಲೆಯಲ್ಲಿ ಒಂಟಿಯಾಗಿ ಉಳಿಯಿತು. ನಮ್ಮಪ್ಪ ಆ ರಾತ್ರಿ ನನಗೆ ಬೈಯಲಿಲ್ಲ, ಉಣ್ಣು ಎಂದೂ ಹೇಳಲಿಲ್ಲ.

ಗುಲಾಬಿ ವಾರ್ಷಿಕೋತ್ಸವಕ್ಕೆ ಬರಲಿಲ್ಲ. ಅವಳ ಡ್ಯಾನ್ಸಿನ ಜಾಗ ಖಾಲಿ ಬಿಟ್ಟೇ ನಾವು ಕುಣಿದೆವು. ಬಿಇಓ ಸಾಹೇಬರು ಗೋಡೆ ನೋಡಿ ಭೇಷ್ ಎಂದು, ಈ ಮನೆ ಯಾಕೆ ಹೀಗೆ ಪ್ರತ್ಯೇಕ ಎಂದು ಮೇಲ್ಮನೆಯನ್ನೇ ತೋರಿಸಿದರು. ಮೇಷ್ಟ್ರು ಅವಸರದಲ್ಲಿ ಅವರನ್ನು ಕಾಫಿಗೆ ಕರೆದೊಯ್ದರು. ಕ್ಲೇರಕ್ಕ ಮಾತ್ರ ದೊಡ್ಡಪ್ಪಯ್ಯನ ಮುಖವನ್ನೇ ನೋಡುತ್ತಿದ್ದಳು.

ಅದಾಗಿ ಸ್ವಲ್ಪ ದಿನಕ್ಕೆ ಮಿಡಿ ಕೊಯ್ಯುವ ಕಾಲ ಬಂತು. ಮೇಲ್ಮನೆಯ ಹೊಳೆಬದಿಯ ಅಪ್ಪೆಮಾವಿನ ಮರದ ಉಪ್ಪಿನಕಾಯಿ ಮಿಡಿ ಎಂದರೆ ಊರೆಲ್ಲ ಬಾಯಲ್ಲಿ ನೀರೂರಿಸುತ್ತಿತ್ತು. ತೊಟ್ಟು ಮುರಿದರೆ ಸೊನೆಯ ವಾಸನೆ ಅಂಗಳ ದಾಟಿ ಬರಬೇಕು, ಅಂಥ ಮಿಡಿ. ಅದನ್ನು ಕೊಯ್ದ ದಿನವೇ, ಬಾಡುವ ಮೊದಲೇ ಉಪ್ಪಿಗೆ ಹಾಕಬೇಕು. ಒಬ್ಬರ ಕೈಯಲ್ಲಿ ಆಗುವ ಕೆಲಸ ಅಲ್ಲ. ಪ್ರತಿ ವರ್ಷ ಮರದಿಂದ ಮಿಡಿ ಇಳಿಸುತ್ತಿದ್ದ ಹಾಗೆ ದೊಡ್ಡಮ್ಮ ಎರಡು ತುಂಡು ಕೂಗು ಹಾಕುತ್ತಿದ್ದಳು, ಕೆಳಗಿನ ಮನೆಗಳ ಹೆಂಗಸರೆಲ್ಲ ಹೋಗುತ್ತಿದ್ದರು.

ಆ ವರ್ಷವೂ ದೊಡ್ಡಮ್ಮ ಕೂಗಿದಳು. ಹಕ್ಕಲಿನಿಂದ ಓಗೊಟ್ಟರು. ಆದರೆ ದಾಟಿಸಲಿಲ್ಲ. ದೊಡ್ಡಮ್ಮ ಮತ್ತೆ ಕೂಗಿದಳು, ಅವರು ಮತ್ತೆ ಓಗೊಟ್ಟರು. ಮಧ್ಯಾಹ್ನದ ತನಕ ಇದೇ ನಡೆಯಿತು. ಕೆಳಗಿನಿಂದ ನರಪಿಳ್ಳೆ ಹೋಗಲಿಲ್ಲ, ಯಾಕೆಂದರೆ ನಮಗೆ ಯಾರಿಗೂ ಅದು ಗೊತ್ತೇ ಇರಲಿಲ್ಲ. ಬುಟ್ಟಿಗಟ್ಟಲೆ ಮಿಡಿ ಚಾಪೆಯ ಮೇಲೆ ಬಾಡಿ ಸುಕ್ಕಾಯಿತು. ಸಂಜೆ ದೊಡ್ಡಮ್ಮ ಸಿಟ್ಟಿನಿಂದ ಗುಡ್ಡ ಹತ್ತಿ ಹಕ್ಕಲಿಗೆ ಹೋಗಿ ಕೇಳಿದಳಂತೆ. ಗುಲಾಬಿಯ ಅವ್ವ ದುಗ್ಗಮ್ಮ ಬತ್ತ ಕುಟ್ಟುವುದನ್ನು ನಿಲ್ಲಿಸದೆಯೇ ಹೇಳಿದಳಂತೆ: "ಕೂಗಿದ್ರಿ, ಓಗೊಟ್ವಿ. ಅದು ಧರ್ಮ. ದಾಟ್ಸೋದು ಊರೋರ ಕೆಲ್ಸ ಅಮ್ಮಾ. ನಾವು ಊರೋರಲ್ಲ ಅಂತ ಗೌಡ್ರೇ ಗೋಡೆ ಒರೆಸಿ ಹೇಳಿದಾರೆ."

ಮಾರನೇ ಬೆಳಿಗ್ಗೆ ಪ್ರಾರ್ಥನೆಗೆ ಸಾಲು ನಿಂತಿದ್ದೆವು. ದೊಡ್ಡಮ್ಮ ಗುಡ್ಡ ಇಳಿದು ಬರುತ್ತಿರುವುದು ಕಾಣಿಸಿತು. ಒಂದು ಕೈಯಲ್ಲಿ ಸುಣ್ಣದ ಬಟ್ಟಲು, ಇನ್ನೊಂದು ಕೈಯಲ್ಲಿ ಗುಲಾಬಿಯ ರಟ್ಟೆ. ಮದುವೆ ಮನೆಗಳಲ್ಲಿ ಗೋಡೆಗೆ ಹಸೆ ಚಿತ್ತಾರ ಬರೆಯಲು ಸುತ್ತಲ ಊರವರು ಕರೆದೊಯ್ಯುತ್ತಿದ್ದುದು ದೊಡ್ಡಮ್ಮನನ್ನೇ. ಯಾರನ್ನೂ ಮಾತಾಡಿಸದೆ ಸೀದಾ ಗೋಡೆಗೆ ಹೋದಳು. ಅಳಿಸಿದ ಜಾಗದಲ್ಲಿ ನಾಲ್ಕು ಮನೆ ಬರೆದಳು, ನಾವು ಬರೆದದ್ದಕ್ಕಿಂತ ದೊಡ್ಡದಾಗಿ, ಬಾಗಿಲಿಗೆ ತೋರಣ ಸಮೇತ. ಅಲ್ಲಿಂದ ಮೇಲ್ಮನೆಗೆ ಒಂದು ಗೆರೆ ಎಳೆದಳು. ಅಷ್ಟರಲ್ಲಿ ದೊಡ್ಡಪ್ಪಯ್ಯ ಹಿಂದೆಯೇ ಬಂದು ನಿಂತಿದ್ದರು. ಎಂತ ಮಾಡ್ತಾ ಇದ್ದೀಯ ಎಂದು ಸಣ್ಣ ದನಿಯಲ್ಲಿ ಕೇಳಿದರು.

ದೊಡ್ಡಮ್ಮ ತಿರುಗಲೂ ಇಲ್ಲ. "ನಿಮಗೆ ಊರು ಬ್ಯಾಡದಿದ್ರೆ ಬ್ಯಾಡ. ನಂಗೆ ಬೇಕು," ಎಂದಳು.

ಆಮೇಲೆ ಬಟ್ಟಲನ್ನು ಗುಲಾಬಿಗೆ ಕೊಟ್ಟು, ಕೋಳಿ ನೀನೇ ಬರಿ, ಅದು ನಂಗೆ ಬರಲ್ಲ ಎಂದಳು. ಗುಲಾಬಿ ಬರೆದಳು. ದೊಡ್ಡಪ್ಪಯ್ಯ ನೋಡುತ್ತಾ ನಿಂತೇ ಇದ್ದರು, ಕೊನೆಗೆ ಕೋಲು ಊರಿಕೊಂಡು ಹೋದರು. ಆ ಗೋಡೆಯನ್ನು ಮತ್ತೆ ಅವರು ಮುಟ್ಟಲಿಲ್ಲ. ಹಕ್ಕಲಿನವರನ್ನು ಪಂಚಾಯ್ತಿಗೆ ಕರೆದರು ಎಂದು ಸುಳ್ಳು ಹೇಳಲಾರೆ, ಅದಕ್ಕೆ ಇನ್ನೂ ಬಹಳ ವರ್ಷ ಬೇಕಾಯಿತು. ಆದರೆ ಗುಲಾಬಿ ಶಾಲೆ ಬಿಡಲಿಲ್ಲ. ಮುಂದಿನ ವರ್ಷ ಮಿಡಿಯೂ ಬಾಡಲಿಲ್ಲ.

ಕ್ಲೇರಕ್ಕ ಮಳೆಗೆ ಮೊದಲೇ ಹೋದಳು. ಹೋಗುವಾಗ ಆ ಗೋಡೆಯ ಮುಂದೆ ನಮ್ಮೆಲ್ಲರನ್ನೂ ನಿಲ್ಲಿಸಿ ಫೋಟೋ ತೆಗೆದಳು. ನಿಮ್ಮೂರು ಎಂಥದು ಎಂದು ತನ್ನ ಶಾಲೆಯ ಮಕ್ಕಳಿಗೆ ತೋರಿಸುತ್ತೇನೆ ಎಂದಳು. ತೋರಿಸಿರುತ್ತಾಳೆ.

ಈಗ ಆ ಶಾಲೆ ಮುಚ್ಚಿದೆ. ಮುಚ್ಚುವ ಮೊದಲೇ ಗೋಡೆಗೆ ಹಳದಿ ಪೇಂಟು ಬಳಿದಿದ್ದರು, ನಕ್ಷೆ ಅದರ ಅಡಿಗೆ ಹೋಯಿತು. ದೊಡ್ಡಪ್ಪಯ್ಯ, ದೊಡ್ಡಮ್ಮ ಇಬ್ಬರೂ ಇಲ್ಲ. ಮೇಲ್ಮನೆಯನ್ನು ಹೋಮ್‌ಸ್ಟೇಗೆ ಕೊಟ್ಟಿದ್ದಾರೆ. ನಾನು ಕಡಹಿನಬೈಲಿಗೆ ಮದುವೆಯಾಗಿ ಹೋದವಳು ವಾಪಸ್ ಬಂದು, ಇಲ್ಲೇ ಹೊಲಿಗೆ ಮಷಿನ್ ಇಟ್ಟುಕೊಂಡಿದ್ದೇನೆ. ಯಾಕೆ ಬಂದೆ ಎನ್ನುವುದು ನಿಮಗೆ ಬೇಡ. ಗುಲಾಬಿ ಹಕ್ಕಲಿನಲ್ಲೇ ಇದ್ದಾಳೆ, ಅಂಗನವಾಡಿ ಟೀಚರ್.

ಬಸ್ ನಿಲ್ಲುವ ಜಾಗದಲ್ಲಿ ಹೋಮ್‌ಸ್ಟೇಯವರು ಒಂದು ದೊಡ್ಡ ಬೋರ್ಡು ಹಾಕಿದ್ದಾರೆ, ನಮ್ಮೂರಿನ ನಕ್ಷೆಯಂತೆ. ಮೇಲ್ಮನೆ ನಟ್ಟನಡುವೆ. ಸುತ್ತ ಫಾಲ್ಸು, ಕ್ಯಾಂಪ್ ಫೈರು. ಹಕ್ಕಲು ಇರುವ ಜಾಗದಲ್ಲಿ ಬೂಟು ಹಾಕಿದವನೊಬ್ಬನ ಚಿತ್ರ, 'ಟ್ರೆಕ್ಕಿಂಗ್ ಪಾಯಿಂಟ್' ಎಂದು. ನಾನು ಸುಣ್ಣ ಕಲಸಿಕೊಂಡು ಹೋಗಿ ಆ ಬೂಟಿನವನ ಮೇಲೆ ನಾಲ್ಕು ಮನೆ ಬರೆದು ಬಂದೆ. ತೊಳೆದರು. ಮತ್ತೆ ಬರೆದೆ. ಅಲ್ಲಿನ ಮ್ಯಾನೇಜರ್ ಹುಡುಗ, ಗೆಸ್ಟುಗಳಿಗೆ ಇದೆಲ್ಲ ಬೇಕಾಗಲ್ಲ ಆಂಟಿ ಎಂದ. ನಿನ್ನ ಗೆಸ್ಟುಗಳಿಗೆ ಬೇಡದಿದ್ದರೆ ಬೇಡ, ನನಗೆ ಬೇಕು ಎಂದೆ. ಅವರು ತೊಳೆಯುತ್ತಾರೆ, ನಾನು ಬರೆಯುತ್ತೇನೆ. ನಮ್ಮ ಕಡೆ ಸುಣ್ಣಕ್ಕೇನೂ ಬರ ಇಲ್ಲ.

ಬರ ಬಂದದ್ದು ಕೂಗಿಗೆ. ಎಲ್ಲರ ಕೈಯಲ್ಲೂ ಫೋನಿದೆ, ಯಾರನ್ನು ಬೇಕಾದರೂ ಕರೆಯಬಹುದು. ಫೋನು ಬೇಕಾದವರಿಗೆ ಮಾತ್ರ ಹೋಗುತ್ತದೆ. ಕೂಗು ಬೇಡದವರಿಗೂ ಹೋಗುತ್ತಿತ್ತು, ಅವರೂ ಓಗೊಡಬೇಕಿತ್ತು. ನಾವು ಕಳೆದುಕೊಂಡದ್ದು ಅದನ್ನು. ಹೋಗಲಿ ಬಿಡು ಎನ್ನುವವರು ಬೇಕಾದಷ್ಟು ಜನ ಇದ್ದಾರೆ, ನಾನು ಬಿಡುವವಳಲ್ಲ.

ಮೊನ್ನೆ ಸಂಜೆ ಮೂರನೇ ಸಲ ಬೋರ್ಡು ತೊಳೆದಿದ್ದು ನೋಡಿ ಬಂದವಳು, ಮೈಯೆಲ್ಲ ಉರಿಯುತ್ತಿತ್ತು, ಅಂಗಳದ ತುದಿಗೆ ಹೋಗಿ ಒಂದು ಉದ್ದ ಕೂಗು ಹಾಕಿದೆ. ಪಕ್ಕದ ಮನೆಯ ಮಕ್ಕಳು ಗಾಬರಿಯಾಗಿ ಹೊರಗೆ ಬಂದವು. ಗುಡ್ಡ ಸುಮ್ಮನಿತ್ತು. ಸ್ವಲ್ಪ ಹೊತ್ತಿಗೆ ಸೊಂಟದಲ್ಲಿದ್ದ ಫೋನು ರಿಂಗಾಯಿತು. ಗುಲಾಬಿ.

"ಎಂತಕ್ಕೆ ಕೂಗಿದ್ದು ಮಾರಾಯ್ತಿ, ಆರಾಮಿದ್ದೀಯಲ್ಲ?" ಎಂದಳು.

"ಕೇಳಿದ್ರೆ ಓಗೊಡಬೇಕು, ಫೋನ್ ಮಾಡೋದಲ್ಲ."

"ಉಬ್ಬಸ ಕಣೇ. ದಮ್ಮೆಲ್ಲಿದೆ ನಂಗೆ ಈಗ?"

"ಇದ್ದಷ್ಟರಲ್ಲಿ ಕೂಗು," ಎಂದು ಫೋನು ಇಟ್ಟೆ.

ಕತ್ತಲಾಗುತ್ತಿತ್ತು. ಒಲೆಯ ಮೇಲೆ ಅನ್ನ ಇತ್ತು, ತಳ ಹಿಡಿಯುವ ವಾಸನೆ ಬರತೊಡಗಿತು. ಪಕ್ಕದ ಮನೆಯ ಮಕ್ಕಳು ಒಳಗೆ ಹೋಗಿ ಗಂಜಿ ಕುಡಿದೂ ಆಗಿರಬೇಕು. ನಾನು ಅಲ್ಲಿಂದ ಕದಲಲಿಲ್ಲ. ಅವಳು ಓಗೊಟ್ಟ ಮೇಲೇ ನಾನು ಒಳಗೆ ಹೋದದ್ದು.